ಪೈಪಿನೊಳಗಿನ ನೀರನ್ನು ತೋರಿಸುವ ಬಗೆ: ಎಂಜಿನಿಯರಿಂಗ್ ಸಾಕ್ಷ್ಯಚಿತ್ರದ ಸಂಕಲನ

ಎಂಜಿನಿಯರಿಂಗ್ ವಿಷಯದ ಸಾಕ್ಷ್ಯಚಿತ್ರವನ್ನು ಸಂಕಲಿಸಲು ಕುಳಿತವರಿಗೆ ಎದುರಾಗುವ ಮೊದಲ ತೊಡಕೆಂದರೆ, ಹೇಳಬೇಕಾದ ಸಂಗತಿಯೇ ಕ್ಯಾಮೆರಾಕ್ಕೆ ಕಾಣುವುದಿಲ್ಲ. ಪೈಪು ಕಾಣುತ್ತದೆ, ಒಳಗಿನ ನೀರು ಕಾಣುವುದಿಲ್ಲ. ಅಣೆಕಟ್ಟು ಕಾಣುತ್ತದೆ, ಅದಕ್ಕೆ ಒತ್ತಿ ನಿಂತ ಭಾರ ಕಾಣುವುದಿಲ್ಲ. ಮೆಟ್ರೊ ರೈಲಿನ ಕಂಬ ಕಾಣುತ್ತದೆ, ಆ ಕಂಬವನ್ನು ಹೊತ್ತಿರುವ ಅಡಿಪಾಯ ಮಣ್ಣಿನೊಳಗೇ ಉಳಿಯುತ್ತದೆ. ಹೀಗಾಗಿ ಚಿತ್ರೀಕರಣ ಮುಗಿಸಿ ಬಂದ ಹಾರ್ಡ್ ಡಿಸ್ಕಿನಲ್ಲಿ ಕಟ್ಟಡಗಳ, ಯಂತ್ರಗಳ, ಹಳದಿ ಹೆಲ್ಮೆಟ್‌ಗಳ ಸೊಗಸಾದ ಶಾಟ್‌ಗಳು ತುಂಬಿರುತ್ತವೆಯೇ ಹೊರತು ಯಾವುದು ಯಾಕೆ ಹಾಗಿದೆ ಎಂಬುದು ಒಂದರಲ್ಲೂ ಇರುವುದಿಲ್ಲ. ಆ 'ಯಾಕೆ' ಹುಟ್ಟುವುದು ಎರಡು ಶಾಟ್‌ಗಳ ನಡುವಿನ ಜೋಡಣೆಯಲ್ಲಿ, ಎಂದರೆ ಸಂಕಲನದ ಮೇಜಿನ ಮೇಲೆ.

ಈ ಬರಹದಲ್ಲಿ ಬಹುಪಾಲು ಒಂದೇ ಉದಾಹರಣೆಯನ್ನು ಮುಂದಿಟ್ಟುಕೊಳ್ಳುತ್ತೇನೆ: ಬೆಂಗಳೂರಿಗೆ ಕಾವೇರಿ ನೀರು ಬರುವ ಬಗೆ. ಶಿವನಸಮುದ್ರದ ಬಳಿಯ ಶಿವ ಅಣೆಕಟ್ಟಿನಲ್ಲಿ ತಿರುಗಿಸಿದ ನೀರು ನೆಟ್ಕಲ್ ಸಮತೋಲನ ಜಲಾಶಯದ ಮೂಲಕ ಮಳವಳ್ಳಿ ತಾಲ್ಲೂಕಿನ ತೊರೆಕಾಡನಹಳ್ಳಿಗೆ ಬಂದು ಅಲ್ಲಿ ಶುದ್ಧವಾಗುತ್ತದೆ. ಆಮೇಲೆ ತೊರೆಕಾಡನಹಳ್ಳಿ, ಹಾರೋಹಳ್ಳಿ, ತಾತಗುಣಿ ಎಂಬ ಮೂರು ಕಡೆಗಳಲ್ಲಿ ಪಂಪ್ ಆಗಿ, ಸುಮಾರು 100 ಕಿ.ಮೀ. ದೂರ ಸಾಗಿ ನಗರವನ್ನು ಸೇರುತ್ತದೆ. ಯೋಜನೆಯ ಮೊದಲ ಹಂತದ ನೀರು ಬಂದದ್ದು 1974ರಲ್ಲಿ. ದಿನಕ್ಕೆ 775 ದಶಲಕ್ಷ ಲೀಟರ್ ಸಾಮರ್ಥ್ಯದ ಐದನೆಯ ಹಂತ ಉದ್ಘಾಟನೆಯಾದದ್ದು 2024ರ ಅಕ್ಟೋಬರಿನಲ್ಲಿ. ಈ ವಿಷಯದ ಮೇಲೆ ಇಪ್ಪತ್ತೆರಡು ನಿಮಿಷದ ಚಿತ್ರವೊಂದನ್ನು ಸಂಕಲಿಸಿದಾಗ ನಾನು ಕಲಿತದ್ದೇ ಇಲ್ಲಿ ಹೆಚ್ಚಾಗಿದೆ.

ಮೊದಲು ಪ್ರಶ್ನೆ, ಆಮೇಲೆ ಟೈಮ್‌ಲೈನ್

ಸಂಕಲನದ ಸಾಫ್ಟ್‌ವೇರ್ ತೆರೆದು, ಶಾಟ್‌ಗಳನ್ನು ಸಾಲಾಗಿ ಜೋಡಿಸುವ ಪಟ್ಟಿಯಾದ ಟೈಮ್‌ಲೈನಿಗೆ ಕೈ ಹಾಕುವ ಮುನ್ನ ಒಂದು ಹಾಳೆಯ ಮೇಲೆ ಚಿತ್ರದ ಮೂಲಪ್ರಶ್ನೆಯನ್ನು ಒಂದೇ ವಾಕ್ಯದಲ್ಲಿ ಬರೆಯಿರಿ. 'ಬೆಂಗಳೂರಿನ ನೀರು ಪೂರೈಕೆ' ಎಂಬುದು ವಿಷಯದ ಹೆಸರು, ಪ್ರಶ್ನೆಯಲ್ಲ. 'ನೀರು ತಗ್ಗಿಗೆ ಹರಿಯುತ್ತದೆ, ಬೆಂಗಳೂರು ನದಿಗಿಂತ ಬಹಳ ಎತ್ತರದಲ್ಲಿದೆ, ಹಾಗಿದ್ದ ಮೇಲೆ ಕಾವೇರಿ ನಮ್ಮ ನಲ್ಲಿಗೆ ಹೇಗೆ ಹತ್ತಿ ಬಂತು?' ಎಂಬುದು ಪ್ರಶ್ನೆ. ಇಂಥ ಪ್ರಶ್ನೆಯಲ್ಲಿ ನೋಡುವವರಿಗೆ ಮೊದಲೇ ಗೊತ್ತಿರುವ ಸಂಗತಿಯೊಂದು ಇರಬೇಕು. ಅದಕ್ಕೆ ಎದುರು ನಿಲ್ಲುವ ಇನ್ನೊಂದು ಸಂಗತಿಯೂ ಇರಬೇಕು. ಆ ಎರಡರ ನಡುವಿನ ಇಕ್ಕಟ್ಟೇ ಚಿತ್ರವನ್ನು ಮುಂದೆ ಎಳೆಯುತ್ತದೆ.

ನನ್ನ ಮೊದಲ ರಫ್ ಕಟ್, ಎಂದರೆ ಮೊದಲ ಕಚ್ಚಾ ಜೋಡಣೆ, ಹೀಗಿರಲಿಲ್ಲ. ಚಿತ್ರೀಕರಣ ನಡೆದ ಕ್ರಮದಲ್ಲಿಯೇ ಜೋಡಿಸಿದ್ದೆ: ಮುಂಜಾವಿನ ಡ್ರೋನ್ ಶಾಟ್, ಶುದ್ಧೀಕರಣ ಘಟಕ, ಪಂಪ್ ಹೌಸ್, ಅಧಿಕಾರಿಗಳ ಮಾತು, ಕೊನೆಯಲ್ಲಿ ನಲ್ಲಿ. ಮದ್ದೂರಿನ ಕಡೆಯಿಂದ ಬಂದಿದ್ದ ನಮ್ಮ ಸೋದರತ್ತೆಗೆ ಅದನ್ನು ತೋರಿಸಿದೆ. ಅವರ ಹೊಲದಲ್ಲಿ ಬೋರ್‌ವೆಲ್ ಇದೆ, ಮೋಟಾರು ಸುಟ್ಟರೆ ಏನಾಗುತ್ತದೆ ಎಂಬುದು ಅವರಿಗೆ ನನಗಿಂತ ಚೆನ್ನಾಗಿ ಗೊತ್ತು. ಪೂರ್ತಿ ನೋಡಿ, 'ಚೆನ್ನಾಗಿದೆ ಕಣಪ್ಪ. ಆದ್ರೆ ಮೂರು ಕಡೆ ಯಾಕೆ ಪಂಪು? ದೊಡ್ಡದೊಂದು ಇಟ್ಟು ಒಂದೇ ಸಲ ತಳ್ಳಕ್ಕಾಗಲ್ವಾ?' ಎಂದು ಕೇಳಿದರು. ಚಿತ್ರದಲ್ಲಿ ಮೂರೂ ಪಂಪಿಂಗ್ ಕೇಂದ್ರಗಳಿದ್ದವು, ಮೂರರ ಹೆಸರುಗಳೂ ಪರದೆಯ ಮೇಲೆ ಬರುತ್ತಿದ್ದವು. ಮೂರು ಯಾಕೆ ಎಂಬುದು ಮಾತ್ರ ಎಲ್ಲಿಯೂ ಇರಲಿಲ್ಲ. ಇಡೀ ಎತ್ತರಕ್ಕೆ ಒಂದೇ ಏಟಿಗೆ ತಳ್ಳಬೇಕಾದರೆ ಆರಂಭದ ಪೈಪುಗಳು ಭಾರೀ ಒತ್ತಡ ತಾಳಬೇಕು, ಆ ಒತ್ತಡ ತಾಳುವಷ್ಟು ದಪ್ಪದ ಉಕ್ಕು ಬೇಕು, ಒಮ್ಮೆಗೇ ವಿದ್ಯುತ್ ಹೋದರೆ ಹಿಂದಕ್ಕೆ ಬಡಿಯುವ ನೀರಿನ ಹೊಡೆತವೂ ಅಷ್ಟೇ ದೊಡ್ಡದಾಗಿರುತ್ತದೆ. ಆದ್ದರಿಂದಲೇ ಏರನ್ನು ಮೆಟ್ಟಿಲುಗಳಾಗಿ ಒಡೆಯುತ್ತಾರೆ. ಅತ್ತೆ ಕೇಳಿದ ಪ್ರಶ್ನೆಯೇ ಎರಡನೆಯ ಕಟ್‌ನ ಬೆನ್ನೆಲುಬಾಯಿತು.

ಅಂದಿನಿಂದ ನಾನು ಅನುಸರಿಸುವ ಕ್ರಮವಿದು. ಪ್ರತಿ ದೃಶ್ಯದ ಕೊನೆಯಲ್ಲಿ ನೋಡುವವರ ಮನಸ್ಸಿನಲ್ಲಿ ಯಾವ ಪ್ರಶ್ನೆ ಏಳುತ್ತದೆ ಎಂದು ಒಂದು ಚೀಟಿಯಲ್ಲಿ ಬರೆದು, ಆ ಪ್ರಶ್ನೆಗೆ ಉತ್ತರವಾಗುವ ದೃಶ್ಯವನ್ನೇ ಮುಂದೆ ಇಡುತ್ತೇನೆ. ಚೀಟಿಗಳನ್ನು ಗೋಡೆಗೆ ಅಂಟಿಸಿ ಓದಿಕೊಂಡು ಹೋದಾಗ 'ಅದಕ್ಕಾಗಿ', 'ಆದರೆ', 'ಹಾಗಾಗಿ' ಎಂಬ ಪದಗಳಿಂದ ಒಂದನ್ನೊಂದು ಕಟ್ಟಲು ಸಾಧ್ಯವಾಗಬೇಕು. ಎರಡು ಚೀಟಿಗಳ ನಡುವೆ 'ಅಲ್ಲದೆ', 'ಇನ್ನೂ' ಎಂಬ ಪದಗಳು ಮಾತ್ರ ಕೂಡುತ್ತವೆಯೆಂದರೆ ಅಲ್ಲಿ ಕಾರಣದ ಕೊಂಡಿ ಕಳಚಿದೆ ಎಂದು ತಿಳಿಯಬೇಕು. ಎಷ್ಟೇ ಒಳ್ಳೆಯ ಡ್ರೋನ್ ಶಾಟ್ ಆಗಿರಲಿ, ಯಾವ ಪ್ರಶ್ನೆಗೂ ಉತ್ತರವಾಗದಿದ್ದರೆ ಅದನ್ನು ಬಿಡುವ ಧೈರ್ಯ ಬೇಕು. ಛಾಯಾಗ್ರಾಹಕರು ಬೆಳಗಿನ ನಾಲ್ಕು ಗಂಟೆಗೆ ಎದ್ದು ತೆಗೆದ ಶಾಟ್ ಅದು ಎಂಬುದು ನನಗೂ ಗೊತ್ತು, ಆದರೂ ಬಿಡಬೇಕು.

ಫುಟೇಜ್ ವಿಂಗಡಿಸುವುದು

ಸಾಮಾನ್ಯವಾಗಿ ಚಿತ್ರೀಕರಿಸಿ ತಂದ ಫುಟೇಜನ್ನು ದಿನಾಂಕ ಮತ್ತು ಸ್ಥಳದ ಪ್ರಕಾರ ಬಿನ್‌ಗಳಲ್ಲಿ, ಎಂದರೆ ಸಾಫ್ಟ್‌ವೇರಿನೊಳಗಿನ ಫೋಲ್ಡರುಗಳಲ್ಲಿ, ಹಾಕುತ್ತೇವೆ. ಎಂಜಿನಿಯರಿಂಗ್ ಚಿತ್ರಕ್ಕೆ ಅದರ ಜೊತೆಗೆ ಕೆಲಸದ ಪ್ರಕಾರ ಮಾಡಿದ ಇನ್ನೊಂದು ವಿಂಗಡಣೆ ಬೇಕು: ನೀರನ್ನು ತಡೆಯುವುದು, ತಿರುಗಿಸುವುದು, ಶುದ್ಧ ಮಾಡುವುದು, ಎತ್ತುವುದು, ಕೂಡಿಡುವುದು, ಹಂಚುವುದು, ಅಳೆಯುವುದು. ಹೀಗೆ ವಿಂಗಡಿಸಿದಾಗ ತೊರೆಕಾಡನಹಳ್ಳಿಯ ದೈತ್ಯ ವಾಲ್ವ್ ಮತ್ತು ನಿಮ್ಮ ಬೀದಿಯಲ್ಲಿ ನೀರು ಬಿಡುವವರು ತಿರುಗಿಸುವ ಚಿಕ್ಕ ವಾಲ್ವ್ ಒಂದೇ ಬಿನ್‌ನಲ್ಲಿ ಪಕ್ಕಪಕ್ಕ ಬಂದು ಕೂರುತ್ತವೆ. ಒಂದರಿಂದ ಇನ್ನೊಂದಕ್ಕೆ ನೇರವಾಗಿ ಕಟ್ ಮಾಡಿದರೆ, ಎರಡೂ ಕಡೆ ಕೈ ತಿರುಗುವ ದಿಕ್ಕು ಒಂದೇ ಆಗಿದ್ದರೆ, ನಿರೂಪಣೆಯ ಒಂದು ಮಾತೂ ಇಲ್ಲದೆ ಇಡೀ ವ್ಯವಸ್ಥೆ ಒಂದೇ ಸರಪಳಿಯೆಂಬುದು ಮನವರಿಕೆಯಾಗುತ್ತದೆ. ನಮ್ಮ ಹಳ್ಳಿಗಳಲ್ಲಿ ಕೆರೆಯ ತೂಬು ಎತ್ತಿ ಗದ್ದೆಗಳಿಗೆ ಸರದಿಯ ಮೇಲೆ ನೀರು ಬಿಡುವವರಿಗೆ ನೀರುಗಂಟಿ ಎನ್ನುತ್ತಾರೆ. ನಗರದಲ್ಲಿ ವಾಲ್ವ್ ತಿರುಗಿಸುವವರ ಕೆಲಸವೂ ಅದೇ. ನಿರೂಪಣೆಯಲ್ಲಿ ಆ ಪದವನ್ನು ಒಂದು ಸಲ ಬಳಸಿದರೆ ಊರಿನ ಪ್ರೇಕ್ಷಕರು ಕೂಡಲೇ ಹತ್ತಿರವಾಗುತ್ತಾರೆ.

ದಿಕ್ಕು ಮತ್ತು ಏರು

ನೋಡುವವರು ದಾರಿ ತಪ್ಪುವುದು ಬಹಳ ಬೇಗ. ತೊರೆಕಾಡನಹಳ್ಳಿ ಬೆಂಗಳೂರಿನ ನೈಋತ್ಯಕ್ಕಿದೆ. ಉತ್ತರವನ್ನು ಮೇಲಿಟ್ಟ ನಕ್ಷೆಯಲ್ಲಿ ನೀರು ಕೆಳಗಿನಿಂದ ಮೇಲಕ್ಕೆ, ತುಸು ಎಡದಿಂದ ಬಲಕ್ಕೆ ಚಲಿಸುತ್ತದೆ. ಈ ದಿಕ್ಕನ್ನು ಆರಂಭದಲ್ಲೇ ನಿಶ್ಚಯಿಸಿ, ಕಾಲುವೆ, ಪೈಪು, ಟ್ಯಾಂಕು ಎಲ್ಲದರಲ್ಲೂ ನೀರು ಪರದೆಯ ಎಡದಿಂದ ಬಲಕ್ಕೇ ಹೋಗುವಂತೆ ಶಾಟ್‌ಗಳನ್ನು ಆರಿಸಿಕೊಳ್ಳಿ. ಎದುರು ದಿಕ್ಕಿನ ಶಾಟ್ ಬಿಟ್ಟು ಬೇರೇನೂ ಇಲ್ಲದಿದ್ದಾಗ ಅದನ್ನು ಕನ್ನಡಿಯಂತೆ ತಿರುಗಿಸುವ ಆಸೆ ಬರುತ್ತದೆ. ಬೋರ್ಡಿನ ಅಕ್ಷರಗಳು ತಿರುಗುಮುರುಗಾಗುವುದು ಹಾಗಿರಲಿ, ವಾಲ್ವ್ ಮುಚ್ಚುವ ದಿಕ್ಕೂ ಯಂತ್ರಗಳ ಜೋಡಣೆಯೂ ತಲೆಕೆಳಗಾಗುತ್ತವೆ. ಅಲ್ಲಿ ಕೆಲಸ ಮಾಡುವವರು ನೋಡಿದ ಕೂಡಲೇ ಅದನ್ನು ಗುರುತಿಸುತ್ತಾರೆ. ಅದಕ್ಕಿಂತ ನಡುವೆ ತಟಸ್ಥವಾದ ಒಂದು ಶಾಟ್ ಹಾಕುವುದು ಒಳಿತು: ನೇರ ಮೇಲಿನಿಂದ ಕಾಣುವ ನೀರು, ಇಲ್ಲವೇ ಕ್ಯಾಮೆರಾದ ಕಡೆಗೇ ಬರುವ ಪ್ರವಾಹ.

ನಕ್ಷೆಗಿಂತ ಮುಖ್ಯವಾದದ್ದು ಉದ್ದಛೇದದ ಚಿತ್ರ, ಎಂದರೆ ದಾರಿಯುದ್ದಕ್ಕೂ ನೆಲದ ಏರಿಳಿತವನ್ನು ಪಕ್ಕದಿಂದ ತೋರಿಸುವ ರೇಖೆ. ಕಾವೇರಿಯ ಕಥೆಯಲ್ಲಿ ನಕ್ಷೆ ದೂರವನ್ನಷ್ಟೇ ಹೇಳುತ್ತದೆ, ಕಷ್ಟವನ್ನು ಹೇಳುವುದು ಈ ರೇಖೆ. ಆದರೆ ಇಲ್ಲೊಂದು ಎಚ್ಚರ ಬೇಕು. 100 ಕಿ.ಮೀ. ದೂರವನ್ನು ಒಂದು ಮೀಟರ್ ಅಗಲದ ಪರದೆಯಲ್ಲಿ ಅದೇ ಅಳತೆಯಲ್ಲಿ ಬರೆದರೆ 500 ಮೀಟರ್ ಎತ್ತರ ಬರೀ 5 ಮಿಲಿಮೀಟರ್ ಆಗುತ್ತದೆ, ಕಣ್ಣಿಗೆ ಅದು ಸಮತಟ್ಟು ನೆಲವೇ. ಆದ್ದರಿಂದ ಎತ್ತರವನ್ನು ಹಿಗ್ಗಿಸಿ ಬರೆಯಲೇಬೇಕು. ಹಿಗ್ಗಿಸಿದ್ದೇವೆ ಎಂಬುದನ್ನು ಪರದೆಯ ಮೇಲೆ ಸ್ಪಷ್ಟವಾಗಿ ಬರೆಯುವುದೂ ಅಷ್ಟೇ ಕಡ್ಡಾಯ. ಇಲ್ಲದಿದ್ದರೆ ಕನಕಪುರ ರಸ್ತೆಯಲ್ಲಿ ಓಡಾಡುವವರು ಆ ಕಡಿದಾದ ಬೆಟ್ಟವನ್ನು ನೋಡಿ, ತಮ್ಮ ಕಣ್ಣನ್ನೋ ಚಿತ್ರವನ್ನೋ ಒಂದನ್ನು ಅನುಮಾನಿಸುತ್ತಾರೆ. ಈ ಒಂದೇ ಗ್ರಾಫಿಕ್ಸ್ ಚಿತ್ರದುದ್ದಕ್ಕೂ ನಾಲ್ಕೈದು ಸಲ ಮರಳಿ ಬರಲಿ. ಪ್ರತಿ ಸಲವೂ ನೀರಿನ ನೀಲಿ ಗೆರೆ ಒಂದು ಮೆಟ್ಟಿಲು ಮೇಲೇರಿರಲಿ. ಬಣ್ಣವನ್ನಾಗಲಿ ಅಕ್ಷರದ ಗಾತ್ರವನ್ನಾಗಲಿ ನಡುವೆ ಬದಲಿಸಬೇಡಿ.

ನಿಂತಂತೆ ಕಾಣುವ ಪಂಪು

ಪಂಪ್ ಹೌಸಿನ ಫುಟೇಜಿನಲ್ಲಿ ಒಂದು ವಿಚಿತ್ರ ಕಾದಿರುತ್ತದೆ. ನಮ್ಮ ದೇಶದ ವಿದ್ಯುತ್ತಿನ ಆವರ್ತನ ಸೆಕೆಂಡಿಗೆ 50. ನಾಲ್ಕು ಧ್ರುವಗಳ ಮೋಟಾರು ಅದರಿಂದ ನಿಮಿಷಕ್ಕೆ 1,500 ಸುತ್ತಿನ ಆಸುಪಾಸಿನಲ್ಲಿ ತಿರುಗುತ್ತದೆ, ಎಂದರೆ ಸೆಕೆಂಡಿಗೆ 25 ಸುತ್ತು. ನಾವು ಚಿತ್ರೀಕರಿಸುವುದೂ ಬಹಳ ಸಲ ಸೆಕೆಂಡಿಗೆ 25 ಫ್ರೇಮಿನಲ್ಲೇ. ಪ್ರತಿ ಫ್ರೇಮಿಗೆ ಶಾಫ್ಟ್, ಎಂದರೆ ಮೋಟಾರಿನ ತಿರುಗುವ ದಂಡ, ಸರಿಯಾಗಿ ಒಂದು ಸುತ್ತು ಮುಗಿಸಿ ಅದೇ ಜಾಗಕ್ಕೆ ಬಂದಿರುವುದರಿಂದ, ಅದರ ಮೇಲಿನ ಗುರುತು ಕದಲದೆ ನಿಂತಂತೆ ಕಾಣುತ್ತದೆ. ಭಾರ ಹೊತ್ತ ಮೋಟಾರು ನಿಜದಲ್ಲಿ ತುಸು ನಿಧಾನವಾಗಿ, 1,485ರಷ್ಟರಲ್ಲಿ ತಿರುಗಿತೆನ್ನಿ. ಆಗ ಪ್ರತಿ ಫ್ರೇಮಿನಲ್ಲಿ ಸುತ್ತಿನ ನೂರನೆಯ ಒಂದು ಪಾಲು ಹಿಂದೆ ಉಳಿಯುತ್ತದೆ, ಶಾಫ್ಟ್ ಮೆಲ್ಲಗೆ ಹಿಮ್ಮುಖವಾಗಿ ತಿರುಗುತ್ತಿರುವಂತೆ ಕಾಣುತ್ತದೆ. ಸಾವಿರಾರು ಲೀಟರ್ ನೀರನ್ನು ಬೆಟ್ಟ ಹತ್ತಿಸುತ್ತಿರುವ ಯಂತ್ರ ಪರದೆಯ ಮೇಲೆ ಆಲಸ್ಯದಿಂದ ಹಿಂದಕ್ಕೆ ಹೊರಳುತ್ತಿರುತ್ತದೆ! ಅಂಥ ಶಾಟನ್ನು ಅರ್ಥ ಹೇಳಬೇಕಾದ ಜಾಗದಲ್ಲಿ ಬಳಸಬಾರದು. ವೇಗ ಬದಲಿಸಿ ಸರಿಪಡಿಸಲು ಹೋದರೆ ಅದು ಇನ್ನೊಂದು ಸುಳ್ಳಾಗುತ್ತದೆ. ಬೇರೆ ಶಟರ್ ವೇಗದಲ್ಲಿ ಮಸುಕಾಗಿ ಬಂದ ಶಾಟ್ ಇದ್ದರೆ ಅದನ್ನು ಹಾಕಿ, ಇಲ್ಲದಿದ್ದರೆ ಕಂಪಿಸುತ್ತಿರುವ ನೆಲದ ಮೇಲಿಟ್ಟ ಲೋಟದ ನೀರನ್ನೋ ಒತ್ತಡದ ಗೇಜನ್ನೋ ತೋರಿಸಿ.

ಗೇಜು ಎಂದರೆ ಬರಿಯ ಮುಳ್ಳಲ್ಲ, ಅದೊಂದು ಎತ್ತರದ ಅಳತೆ. 10 ಮೀಟರ್ ಎತ್ತರದ ನೀರಿನ ಕಂಬ ತನ್ನ ಬುಡದಲ್ಲಿ ಒಂದು ಚದರ ಸೆಂಟಿಮೀಟರಿಗೆ ಸುಮಾರು ಒಂದು ಕಿಲೋ ಭಾರ ಹೇರುತ್ತದೆ. ಆದ್ದರಿಂದ ಗೇಜಿನ ಮುಳ್ಳು 15ನ್ನು ತೋರಿಸುತ್ತಿದ್ದರೆ, 150 ಮೀಟರ್ ಎತ್ತರದ ನೀರಿನ ಕಂಬವೊಂದು ಆ ಪೈಪಿನ ಮೇಲೆ ನಿಂತಂತೆ. ನನಗೆ ಬಹಳ ತೃಪ್ತಿ ಕೊಟ್ಟ ಜೋಡಣೆ ಇದು: ಮೂರು ಮಹಡಿಯ ಮನೆಯ ಮೇಲಿನ ಕಪ್ಪು ಟ್ಯಾಂಕು, ಕೆಳಗೆ ನಲ್ಲಿಯಿಂದ ರಭಸವಾಗಿ ಬೀಳುವ ನೀರು, 'ಈ ರಭಸ 10 ಮೀಟರ್ ಎತ್ತರದ್ದು' ಎಂಬ ಒಂದೇ ಸಾಲು, ಅಲ್ಲಿಂದ ಪಂಪ್ ಹೌಸಿನ ಗೇಜಿಗೆ ಕಟ್. ಗೇಜಿನ ಮೇಲೆ ಏಳು ಸೆಕೆಂಡು ಏನೂ ಮಾತಿಲ್ಲ, ಮೋಟಾರಿನ ಗುಂಯ್‌ಗುಡುವ ಸದ್ದು ಮಾತ್ರ. ಅಂಥ ಸದ್ದನ್ನು ಸಂಗೀತದಿಂದ ಮುಚ್ಚುವುದು ದೊಡ್ಡ ನಷ್ಟ. ಯಂತ್ರದ ಶಕ್ತಿ ಕಣ್ಣಿಗಿಂತ ಕಿವಿಗೆ ಬೇಗ ತಿಳಿಯುತ್ತದೆ.

ಅಂಕಿಗಳು

775 ದಶಲಕ್ಷ ಲೀಟರ್ ಎಂದು ಹೇಳಿ ಮುಂದೆ ಹೋದರೆ ಯಾರ ತಲೆಗೂ ಏನೂ ಹೋಗುವುದಿಲ್ಲ. ಅದನ್ನೇ ದಿನದ ಸೆಕೆಂಡುಗಳಿಗೆ ಭಾಗಿಸಿ ನೋಡಿ: ಸೆಕೆಂಡಿಗೆ ಸುಮಾರು 9,000 ಲೀಟರ್ ಆಗುತ್ತದೆ. ಬೆಂಗಳೂರಿನವರು ದುಡ್ಡು ಕೊಟ್ಟು ತರಿಸುವ 6,000 ಲೀಟರಿನ ಟ್ಯಾಂಕರ್ ಎಲ್ಲರಿಗೂ ಗೊತ್ತು. ಅಂಥ ಒಂದೂವರೆ ಟ್ಯಾಂಕರ್ ಪ್ರತಿ ಸೆಕೆಂಡಿಗೆ, ಹಗಲೂ ರಾತ್ರಿ. ಇದನ್ನು ಪರದೆಯ ಮೇಲೆ ನಿಜವಾದ ಸೆಕೆಂಡಿನ ಲೆಕ್ಕದಲ್ಲೇ ತೋರಿಸಬೇಕು: ಗಡಿಯಾರದ ಟಿಕ್ ಸದ್ದಿಗೆ ಸರಿಯಾಗಿ ಟ್ಯಾಂಕರುಗಳು ಸಾಲುಗಟ್ಟಿ ದಾಟಿಹೋಗುವ ಹತ್ತು ಸೆಕೆಂಡಿನ ಗ್ರಾಫಿಕ್ಸ್ ಸಾಕು. ಪತ್ರಿಕೆಗಳಲ್ಲಿ ದಿನವೂ ಓದುವ ಟಿಎಂಸಿ ಎಂಬುದು ನೂರು ಕೋಟಿ ಘನ ಅಡಿ, ಸರಿಸುಮಾರು 2,830 ಕೋಟಿ ಲೀಟರ್. ಒಂದು ಟಿಎಂಸಿ ನೀರಿದ್ದರೆ ಐದನೆಯ ಹಂತವೊಂದನ್ನೇ ಮೂವತ್ತಾರು ದಿನ ನಡೆಸಬಹುದು. ಹೀಗೆ ಒಂದು ಅಂಕಿ ಇನ್ನೊಂದಕ್ಕೆ ಕೊಂಡಿಯಾದಾಗ ಮಾತ್ರ ಅದು ನೆನಪಿನಲ್ಲಿ ಉಳಿಯುತ್ತದೆ.

'ಹೆಡ್' ಎಂಬ ಪದದ ವಿಷಯದಲ್ಲಿ ವಿಶೇಷ ಎಚ್ಚರ ಬೇಕು. ಈ ಯೋಜನೆಯ ಬಗ್ಗೆ ಮಾತಾಡುವಾಗ ಎಂಜಿನಿಯರುಗಳು ಒಟ್ಟು ಸುಮಾರು 500 ಮೀಟರ್ ಹೆಡ್ ಎನ್ನುತ್ತಾರೆ. ಅದನ್ನು 'ನೀರನ್ನು 500 ಮೀಟರ್ ಎತ್ತರಕ್ಕೆ ಏರಿಸುತ್ತಾರೆ' ಎಂದು ನಿರೂಪಣೆಗೆ ಇಳಿಸಿದರೆ ತಪ್ಪಾಗುತ್ತದೆ. ಹೆಡ್ ಎಂದರೆ ನೆಲದ ಎತ್ತರದ ಜೊತೆಗೆ, ಅಷ್ಟು ಉದ್ದದ ಪೈಪಿನ ಒಳಗೋಡೆಯನ್ನು ಉಜ್ಜಿಕೊಂಡು ಹೋಗುವಾಗ ನೀರು ಕಳೆದುಕೊಳ್ಳುವ ಶಕ್ತಿಯ ಲೆಕ್ಕವೂ ಸೇರಿದ ಅಳತೆ; ನಿಜವಾದ ಏರು ಅದಕ್ಕಿಂತ ಕಡಿಮೆ. 'ಪಂಪುಗಳು ಪಡುವ ಶ್ರಮ 500 ಮೀಟರ್ ಎತ್ತರಕ್ಕೆ ಎತ್ತುವಷ್ಟು' ಎಂದು ಬರೆದರೆ ಸರಿಯಾಗುತ್ತದೆ, ಸುಲಭವಾಗಿಯೂ ಇರುತ್ತದೆ. ಇದೇ ಲೆಕ್ಕವನ್ನು ಇನ್ನಷ್ಟು ಹತ್ತಿರಕ್ಕೆ ತರಬಹುದು. ಸ್ನಾನಕ್ಕೆ ತುಂಬಿಸಿಕೊಳ್ಳುವ 15 ಲೀಟರಿನ ಒಂದು ಬಕೆಟ್ ನೀರನ್ನು ಅಷ್ಟು ಹೆಡ್‌ಗೆ ತಳ್ಳಲು ಬೇಕಾದ ವಿದ್ಯುತ್ತು, ಪಂಪು ಮೋಟಾರುಗಳ ನಷ್ಟವನ್ನು ಬಿಟ್ಟರೂ, 9 ವ್ಯಾಟಿನ ಎಲ್‌ಇಡಿ ಬಲ್ಬೊಂದನ್ನು ಎರಡು ಗಂಟೆಗೂ ಹೆಚ್ಚು ಹೊತ್ತು ಉರಿಸುತ್ತದೆ. ಬಚ್ಚಲಿನ ಬಕೆಟ್, ಅದರ ಪಕ್ಕದಲ್ಲಿ ಉರಿಯುವ ಬಲ್ಬು, ಇವೆರಡೂ ಒಂದೇ ಫ್ರೇಮಿನಲ್ಲಿರುವ ಶಾಟ್ ನಮ್ಮ ಬಳಿ ಇರಲಿಲ್ಲ. ಸಂಕಲನ ಅರ್ಧ ಮುಗಿದ ಮೇಲೆ ನಿರ್ದೇಶಕರಿಗೆ ಹೇಳಿ ನಮ್ಮ ಮನೆಯಲ್ಲೇ ಮತ್ತೆ ತೆಗೆಸಿದೆ. ಇಂಥ ಚಿತ್ರಗಳಲ್ಲಿ ಸಂಕಲನ ನಡೆಯುವಾಗ ಒಂದೆರಡು ದಿನದ ಮರುಚಿತ್ರೀಕರಣಕ್ಕೆ ಮೊದಲೇ ಹಣ ತೆಗೆದಿಡುವಂತೆ ನಿರ್ಮಾಪಕರನ್ನು ಒಪ್ಪಿಸಿಕೊಳ್ಳುವುದು ಒಳ್ಳೆಯದು.

ಆ್ಯನಿಮೇಶನ್ ಎಲ್ಲಿ ಬೇಕು

ಕ್ಯಾಮೆರಾ ಹೋಗಲಾಗದ ಜಾಗಕ್ಕೆ ಮಾತ್ರ ಆ್ಯನಿಮೇಶನ್ ಬಳಸಬೇಕೆಂಬುದು ನನ್ನ ನಿಲುವು. ಅದಕ್ಕೆ ತಕ್ಕ ಉದಾಹರಣೆ ಕುಣಿಗಲ್ ತಾಲ್ಲೂಕಿನಲ್ಲಿ ಶಿಂಷಾ ನದಿಗೆ ಕಟ್ಟಿದ ಮಾರ್ಕೋನಹಳ್ಳಿ ಜಲಾಶಯ. ಅಲ್ಲಿ ಹೆಚ್ಚುವರಿ ನೀರು ತಾನಾಗಿಯೇ ಹೊರಹೋಗಲು ಸೈಫನ್‌ಗಳಿವೆ. ಮೈಸೂರು ಸಂಸ್ಥಾನದ ಎಂಜಿನಿಯರ್ ಗಣೇಶ್ ಅಯ್ಯರ್ ರೂಪಿಸಿದ ವಾಲ್ಯೂಟ್ ಸೈಫನ್ ಅದು. ಶರಾವತಿಯ ಹಿರೇಭಾಸ್ಕರ ಅಣೆಕಟ್ಟಿನಲ್ಲೂ ಇದೇ ಬಗೆಯ ಸೈಫನ್‌ಗಳಿದ್ದವು. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಆದ ಮೇಲೆ ಅದು ಮುಳುಗಿತು. ಹಿನ್ನೀರು ಚೆನ್ನಾಗಿ ಇಳಿದ ಬೇಸಿಗೆಗಳಲ್ಲಿ ಮಾತ್ರ ಮೇಲೆ ಕಾಣಿಸಿಕೊಳ್ಳುತ್ತದೆ.

ಸೈಫನ್ ಹೊರಗಿನಿಂದ ನೋಡಲು ಒಂದು ಗುಮ್ಮಟ, ಅಷ್ಟೆ. ಒಳಗಡೆ ಲಾಳಿಕೆಯಂಥ ಬಾಯಿಯ ದೊಡ್ಡ ನಿಲುವು ಕೊಳವೆಯಿದೆ, ಬಾಯಿಯ ಅಂಚಿನಲ್ಲಿ ಸುರುಳಿಯಾಗಿ ಬಾಗಿದ ಅಡ್ಡಪಟ್ಟಿಗಳಿವೆ. ಜಲಾಶಯ ತುಂಬಿ ನೀರು ಆ ಅಂಚನ್ನು ದಾಟಿದಾಗ ಅದು ನೇರವಾಗಿ ಬೀಳದೆ ಸುಳಿಯಾಗಿ ಸುತ್ತುತ್ತ ಬೀಳುತ್ತದೆ, ಬೀಳುತ್ತ ಗುಮ್ಮಟದೊಳಗಿನ ಗಾಳಿಯನ್ನು ತನ್ನೊಡನೆ ಎಳೆದೊಯ್ಯುತ್ತದೆ. ಗಾಳಿ ಖಾಲಿಯಾದಷ್ಟೂ ಹೊರಗಿನ ನೀರು ಒಳಕ್ಕೆ ನುಗ್ಗುತ್ತದೆ, ಕೊನೆಗೆ ಕೊಳವೆ ಪೂರ್ತಿ ತುಂಬಿ ಭೋರ್ಗರೆಯುತ್ತದೆ. ಮಟ್ಟ ಇಳಿದು ಗಾಳಿ ಒಳಸೇರಿದ ಕೂಡಲೇ ಅದು ತಾನಾಗಿ ನಿಲ್ಲುತ್ತದೆ. ಗೇಟು ಎತ್ತುವವರೂ ಬೇಡ, ವಿದ್ಯುತ್ತೂ ಬೇಡ.

ಇದನ್ನು ಒಂದೇ ಆ್ಯನಿಮೇಶನ್‌ನಲ್ಲಿ ಸರಸರನೆ ತೋರಿಸಿದರೆ ನೋಡುವವರು ಬೆರಗಾಗುತ್ತಾರೆ, ಆದರೆ ಅವರಿಗೆ ಅರ್ಥವಾಗುವುದಿಲ್ಲ. ಮೊದಲು ಎಲ್ಲರಿಗೂ ಗೊತ್ತಿರುವ ಕೆರೆಯ ಕೋಡಿಯಿಂದ ಆರಂಭಿಸಿ. ಕೋಡಿ ಬಿದ್ದಾಗ ಮಟ್ಟ ಏರಿದಂತೆ ಮಾತ್ರ ನೀರು ಹೆಚ್ಚುತ್ತ ಹೋಗುತ್ತದೆ, ಬಹಳ ನೀರು ಬೇಗ ಹೋಗಬೇಕಾದರೆ ಕೋಡಿ ಬಹಳ ಅಗಲವಿರಬೇಕು. ಜಾಗ ಇಕ್ಕಟ್ಟಾಗಿದ್ದರೆ ಏನು ಮಾಡುವುದು ಎಂಬ ಪ್ರಶ್ನೆ ಅಲ್ಲಿ ಏಳುತ್ತದೆ. ಆಮೇಲೆ ಗುಮ್ಮಟದ ನಿಜವಾದ ಶಾಟ್. ಅದೇ ಕೋನದಲ್ಲಿ, ಅದೇ ಗಾತ್ರದಲ್ಲಿ ಆ್ಯನಿಮೇಶನ್‌ಗೆ ಕರಗುವಂತೆ ಮಾಡಿ. ಗೋಡೆಯಷ್ಟೇ ಪಾರದರ್ಶಕವಾಗಲಿ, ಉಳಿದದ್ದು ಇದ್ದಲ್ಲೇ ಇರಲಿ. ಕೋನ ಬದಲಾದರೆ ಒಳಗಿರುವುದು ಅದೇ ವಸ್ತುವೋ ಬೇರೆಯೋ ಎಂಬ ಗೊಂದಲದಲ್ಲೇ ಐದು ಸೆಕೆಂಡು ಹೋಗಿಬಿಡುತ್ತದೆ. ನೀರಿಗೊಂದು ಬಣ್ಣ ಕೊಟ್ಟಂತೆ ಗಾಳಿಗೂ ಒಂದು ಬಣ್ಣ ಕೊಡಿ, ಏಕೆಂದರೆ ಈ ಕಥೆಯ ನಾಯಕ ಗಾಳಿ. ಗಾಳಿ ಹೊರಹೋಗುವ ಘಟ್ಟದಲ್ಲಿ ನಿರೂಪಣೆ ನಿಲ್ಲಲಿ, ಚಿತ್ರ ನಿಧಾನವಾಗಲಿ. ಕೊಳವೆ ತುಂಬಿದ ಕ್ಷಣಕ್ಕೆ ಸರಿಯಾಗಿ ಹೊರಗಿನ ನಿಜವಾದ ಭೋರ್ಗರೆತಕ್ಕೆ ಕಟ್ ಮಾಡಿ, ಆ ಸದ್ದು ಚಿತ್ರಕ್ಕಿಂತ ಹನ್ನೆರಡು ಫ್ರೇಮು ಮುಂಚೆಯೇ ಬರಲಿ. ಇಷ್ಟಾದರೆ ಸೈಫನ್ ಎಂಬ ಪದವನ್ನು ಮೊದಲ ಸಲ ಕೇಳಿದವರೂ ಅದನ್ನು ಪಕ್ಕದ ಮನೆಯವರಿಗೆ ವಿವರಿಸಬಲ್ಲರು.

ಮಾತಾಡುವವರನ್ನು ಕತ್ತರಿಸುವುದು

ನಮ್ಮ ಎಂಜಿನಿಯರುಗಳು ಕನ್ನಡದಲ್ಲಿ ಮಾತಾಡುತ್ತಾರೆ, ಆದರೆ ರೈಸಿಂಗ್ ಮೇನ್ (ನೀರನ್ನು ಮೇಲಕ್ಕೆ ಒಯ್ಯುವ ಮುಖ್ಯ ಪೈಪು), ಸಂಪ್, ಸರ್ಜ್ (ಪೈಪಿನೊಳಗಿನ ಒತ್ತಡದ ಹಠಾತ್ ಏರಿಳಿತ) ಎಂಬ ಪದಗಳನ್ನು ಹಾಗೆಯೇ ಬಳಸುತ್ತಾರೆ. ಅವನ್ನು ಕತ್ತರಿಸಿ ಹಾಕುವ ಅಗತ್ಯವಿಲ್ಲ. ಪದ ಮೊದಲ ಸಲ ಕೇಳಿದಾಗ ಅದು ಸೂಚಿಸುವ ವಸ್ತುವನ್ನೇ ಪರದೆಯ ಮೇಲೆ ತಂದರೆ ಸಾಕು, ಎರಡನೆಯ ಸಲಕ್ಕೆ ಅದು ಪ್ರೇಕ್ಷಕರದ್ದೇ ಪದವಾಗಿರುತ್ತದೆ. ಆದರೆ 'ಸುಮಾರು', 'ಸಾಮಾನ್ಯವಾಗಿ', 'ಮಳೆಗಾಲ ಬಿಟ್ಟು' ಎಂಬಂಥ ಷರತ್ತಿನ ಮಾತುಗಳನ್ನು ಸಮಯ ಉಳಿಸುವುದಕ್ಕಾಗಿ ಎಂದೂ ಕತ್ತರಿಸಬೇಡಿ. ತಮ್ಮ ಮಾತಿಗೆ ಅವರು ತಾವೇ ಹಾಕಿಕೊಂಡ ಮಿತಿ ಅದು. ಅದನ್ನು ತೆಗೆದರೆ ಅವರ ಬಾಯಿಂದ ಅವರು ಹೇಳದ ಮಾತನ್ನು ಹೇಳಿಸಿದಂತಾಗುತ್ತದೆ. ಒಮ್ಮೆ ನಾನು ಹೀಗೆ ಒಂದು 'ಸುಮಾರು' ತೆಗೆದು, ಚಿತ್ರ ಪ್ರದರ್ಶನವಾದ ಮೇಲೆ ಆ ಹಿರಿಯರಿಂದ ಫೋನಿನಲ್ಲಿ ಮೆತ್ತಗೆ, ಆದರೆ ಮರೆಯಲಾಗದಂತೆ ಹೇಳಿಸಿಕೊಂಡಿದ್ದೇನೆ.

ಅಧಿಕಾರಿಗಳ ಮಾತಿನಷ್ಟೇ ಪಂಪ್ ಆಪರೇಟರರ ಮಾತಿಗೂ ಜಾಗವಿರಲಿ. ಬೇರಿಂಗ್ ಬಿಸಿಯಾಗಿರುವುದನ್ನು ಸದ್ದಿನಲ್ಲೇ ಗುರುತಿಸುವುದು ಹೇಗೆಂದು ಅವರು ಹೇಳುವಾಗ ಮುಖದಿಂದ ಕೈಗೆ ಕಟ್ ಮಾಡಿ. ಅವರ ಕೈಗಳು ಮಾತಿಗಿಂತ ಹೆಚ್ಚು ವಿವರಿಸುತ್ತಿರುತ್ತವೆ. ಹಾಗೆಯೇ ನೀರು ಎಲ್ಲಿಂದ ಬಂತೋ ಅಲ್ಲಿನ ರೈತರ ಮಾತನ್ನೂ, ಪೈಪು ತಮ್ಮ ಊರಿನ ಮೇಲೆ ಹಾದುಹೋಗುವುದನ್ನು ನೋಡಿದವರ ಮಾತನ್ನೂ ಚಿತ್ರದ ಕೊನೆಗೆ ಸೇರಿಸುವ ಬದಲು ನಡುವೆಯೇ, ನೀರು ಹಂಚಿಕೆಯ ಪ್ರಶ್ನೆ ಸಹಜವಾಗಿ ಏಳುವ ಜಾಗದಲ್ಲಿಯೇ ಇಡಬೇಕು.

ಅನಾಹುತಗಳನ್ನು ತೋರಿಸುವಾಗಲೂ ಕಾರಣದ ಕ್ರಮವನ್ನು ಬಿಡಬಾರದು. 2024ರ ಆಗಸ್ಟ್ 10ರ ರಾತ್ರಿ ತುಂಗಭದ್ರಾ ಅಣೆಕಟ್ಟಿನ 33 ಗೇಟುಗಳಲ್ಲಿ 19ನೆಯದು ಸರಪಳಿ ತುಂಡಾಗಿ ಕೊಚ್ಚಿಹೋಯಿತು. ಅದರ ಫುಟೇಜ್ ಎಂದರೆ ನುಗ್ಗುವ ನೀರಿನ ಭಯಂಕರ ದೃಶ್ಯ. ಅದನ್ನೇ ನಾಲ್ಕು ಸಲ ಹಾಕಿ ಭೀಕರ ಸಂಗೀತ ಕೊಡುವುದು ಬಹಳ ಸುಲಭ. ಪ್ರೇಕ್ಷಕರಿಗೆ ನಿಜವಾಗಿ ಬೇಕಾದದ್ದು ಬೇರೆ. ಗೇಟನ್ನು ಹಿಡಿದಿದ್ದದ್ದು ಏನು, ಒಂದು ಗೇಟು ಹೋದಾಗ ಉಳಿದ ಗೇಟುಗಳನ್ನು ತೆರೆದು ಅಮೂಲ್ಯವಾದ ನೀರನ್ನು ಯಾಕೆ ಹೊರಬಿಡಬೇಕಾಯಿತು, ಹರಿಯುವ ನೀರಿನಲ್ಲೇ ಸ್ಟಾಪ್ ಲಾಗ್ ಎಂಬ ಉಕ್ಕಿನ ತಡೆಗಳನ್ನು ಒಂದರ ಮೇಲೊಂದು ಇಳಿಸಿ ಒಂದೇ ವಾರದಲ್ಲಿ ಆ ಬಾಯಿಯನ್ನು ಮುಚ್ಚಿದ್ದು ಹೇಗೆ ಎಂಬುದು ಅವರಿಗೆ ಬೇಕು. ನುಗ್ಗುವ ನೀರನ್ನು ಒಂದು ಸಲ, ಪೂರ್ತಿಯಾಗಿ, ಅದರದೇ ಸದ್ದಿನೊಡನೆ ತೋರಿಸಿ. ಉಳಿದ ಸಮಯವನ್ನು ಸರಪಳಿಗೂ ಸ್ಟಾಪ್ ಲಾಗಿಗೂ ಕೊಡಿ.

ಕೊನೆಯ ಪರೀಕ್ಷೆಗಳು

ಚಿತ್ರ ಒಂದು ಹದಕ್ಕೆ ಬಂದ ಮೇಲೆ ಸದ್ದನ್ನು ಪೂರ್ತಿ ನಿಲ್ಲಿಸಿ ಒಮ್ಮೆ ನೋಡಿ, ಕಣ್ಣು ಮುಚ್ಚಿ ಒಮ್ಮೆ ಕೇಳಿ. ಸದ್ದಿಲ್ಲದಾಗ ಕಾರಣದ ಎಳೆ ಅರ್ಧದಷ್ಟಾದರೂ ಸಿಗದಿದ್ದರೆ ಚಿತ್ರ ನಿರೂಪಣೆಯ ಮೇಲೆ ಒರಗಿ ನಿಂತಿದೆ ಎಂದರ್ಥ. ನಿರೂಪಣೆ ಕಣ್ಣಿಗೆ ಕಾಣುತ್ತಿರುವುದನ್ನೇ ಹೇಳುತ್ತಿದ್ದರೆ ಆ ಸಾಲುಗಳನ್ನು ತೆಗೆಯಿರಿ. ಕಾಣದಿರುವುದನ್ನು ಹೇಳುವುದಷ್ಟೇ ಅದರ ಕೆಲಸ. ಬಳಿಕ ಇಬ್ಬರಿಗೆ ತೋರಿಸಿ: ವಿಷಯ ಬಲ್ಲ ಎಂಜಿನಿಯರ್ ಒಬ್ಬರು, ಏನೂ ಗೊತ್ತಿಲ್ಲದವರು ಒಬ್ಬರು. ಮೊದಲನೆಯವರನ್ನು ಎಲ್ಲಿ ತಪ್ಪಾಗಿದೆ ಎಂದು ಕೇಳಿ. ಎರಡನೆಯವರನ್ನು 'ಅರ್ಥವಾಯಿತೇ' ಎಂದು ಕೇಳಿದರೆ ಎಲ್ಲರೂ ಹೌದೆನ್ನುತ್ತಾರೆ. 'ನನಗೆ ವಾಪಸ್ಸು ಹೇಳಿ' ಎಂದು ಕೇಳಬೇಕು. ಅವರು ತಡವರಿಸಿದ ಜಾಗವನ್ನು ಟೈಮ್‌ಲೈನಿನಲ್ಲಿ ಗುರುತು ಹಾಕಿಕೊಂಡು ಅಲ್ಲಿಗೆ ಮರಳಿ. ನಿಯಂತ್ರಣ ಕೊಠಡಿಯ ಪರದೆಗಳು, ಭದ್ರತೆಯ ಫಲಕಗಳು ಶಾಟ್‌ಗಳಲ್ಲಿ ಸೇರಿಕೊಂಡಿದ್ದರೆ ಅವನ್ನು ಮಸುಕು ಮಾಡುವುದು, ಡ್ರೋನ್ ಚಿತ್ರೀಕರಣದ ಅನುಮತಿಪತ್ರಗಳನ್ನು ಯೋಜನೆಯ ಕಡತದಲ್ಲಿಯೇ ಇಟ್ಟುಕೊಳ್ಳುವುದು ಈ ಹಂತದ ಕೆಲಸಗಳು.

ಮುಗಿಸುವಾಗ ಅಂಕಿಗಳಿರುವ ಎಲ್ಲ ಶೀರ್ಷಿಕೆಗಳನ್ನು ಟೈಮ್‌ಲೈನಿನ ಪ್ರತ್ಯೇಕ ಟ್ರ್ಯಾಕಿನಲ್ಲಿ, ಎಂದರೆ ಬೇರೆಯೇ ಪದರದಲ್ಲಿ, ಇಡಿ, ಪ್ರತಿಯೊಂದರಲ್ಲೂ ಆ ಅಂಕಿ ಯಾವ ವರ್ಷದ್ದೆಂಬುದು ಇರಲಿ, ಅಕ್ಷರಗಳಿಲ್ಲದ ಶುದ್ಧ ಪ್ರತಿಯೊಂದನ್ನು ಬೇರೆಯಾಗಿ ಉಳಿಸಿ. ನಾವು ಚಿತ್ರ ಮುಗಿಸಿದಾಗ ಐದನೆಯ ಹಂತದ ಕೆಲಸ ಇನ್ನೂ ನಡೆಯುತ್ತಿತ್ತು, ಚಿತ್ರದ ಕೊನೆಯ ಶೀರ್ಷಿಕೆಯಲ್ಲಿ ನಾಲ್ಕು ಹಂತಗಳ ಲೆಕ್ಕ ಮಾತ್ರವಿತ್ತು. 2024ರ ಅಕ್ಟೋಬರಿನ ನಂತರ ಆ ಒಂದು ಟ್ರ್ಯಾಕನ್ನು ಮಾತ್ರ ತೆರೆದು, ಉದ್ದಛೇದದ ಚಿತ್ರಕ್ಕೆ ಇನ್ನೊಂದು ನೀಲಿ ಗೆರೆ ಸೇರಿಸಿ, ಒಂದು ಮಧ್ಯಾಹ್ನದಲ್ಲಿ ಹೊಸ ಪ್ರತಿ ತೆಗೆಯಲು ಸಾಧ್ಯವಾಯಿತು.